ಜಾಯಿನ್ ಆಗಿ ಪಾಠ ಮಾಡ್ತಿದ್ದ ತಂಗಿಯ ಶಿಕ್ಷಕಿ ನೇಮಕಾತಿ ರದ್ದು ಮಾಡಿದ್ದಾರೆ, ಎಲ್ಲಿಗೆ ಹೋಗ್ಬೇಕು?

ಶಾಲೆಬೆಲ್

ಎಲ್ರಿಗೂ ನಮಸ್ಕಾರ. ನನ್ನ ತಂಗಿ ಸರ್ಕಾರಿ ಶಾಲೆಗೆ ಪದವೀಧರ ಪ್ರಾಥಮಿಕ ಶಿಕ್ಷಕಿಯಾಗಿ ಸೆಲೆಕ್ಟ್ ಆಗಿ, ದಾಖಲೆ ಪರಿಶೀಲನೆ ಮುಗಿದು, ಕೌನ್ಸೆಲಿಂಗ್‌ನಲ್ಲಿ ಶಾಲೆ ಆರಿಸ್ಕೊಂಡು, ನೇಮಕಾತಿ ಆದೇಶ ತಗೊಂಡು ಕೆಲಸಕ್ಕೆ ಹಾಜರಾಗಿ ಪಾಠ ಮಾಡ್ತಾ ಇದ್ಲು, ಸಂಬಳಾನೂ ಆಗಿತ್ತು. ಈಗ ಉಪನಿರ್ದೇಶಕರ ಕಚೇರಿಯಿಂದ ಒಂದೇ ಪುಟದ ಆದೇಶ ಬಂದಿದೆ. ಗ್ರಾಮೀಣ ಮೀಸಲಾತಿ ಪ್ರಮಾಣಪತ್ರ ಕ್ರಮಬದ್ಧವಾಗಿಲ್ಲ, ಆದ್ದರಿಂದ ನೇಮಕಾತಿ ರದ್ದುಪಡಿಸಿದೆ ಅಂತ. ಅದಕ್ಕೂ ಮುಂಚೆ ನೋಟಿಸ್ ಇಲ್ಲ, ಕರೆದು ಕೇಳಿಲ್ಲ, ಏನೂ ಇಲ್ಲ.

ಅವಳು ಒಂದರಿಂದ ಹತ್ತನೇ ಕ್ಲಾಸಿನವರೆಗೆ ಓದಿದ ಊರು ಆಗ ಗ್ರಾಮ ಪಂಚಾಯಿತಿ. ಆಮೇಲೆ ಅದು ಪಟ್ಟಣ ಪಂಚಾಯಿತಿ ಆಗಿದೆ. ಬಹುಶಃ ಯಾರೋ ಅದನ್ನೇ ಹಿಡ್ಕೊಂಡು ದೂರು ಕೊಟ್ಟಿರ್ಬೇಕು. ಪ್ರಮಾಣಪತ್ರ ಸುಳ್ಳಲ್ಲ, ಕೊಟ್ಟಿದ್ದು ಇಲಾಖೆಯವರೇ, ಪರಿಶೀಲನೆ ಮಾಡಿ ಸರಿ ಇದೆ ಅಂದಿದ್ದೂ ಇಲಾಖೆಯವರೇ.

ಒಬ್ಬರು ನೇರ ಹೈಕೋರ್ಟಿಗೆ ಹೋಗಿ ಅಂತಾರೆ, ಇನ್ನೊಬ್ಬರು ಮೊದಲು ಆಯುಕ್ತರಿಗೆ ಮನವಿ ಕೊಟ್ಟು ಕಾಯಿರಿ ಅಂತಾರೆ, ಮತ್ತೊಬ್ಬರು ಸಚಿವರನ್ನ ನೋಡಿ ಅಂತಾರೆ. ಮನೇಲಿ ಯಾರೂ ಸರಿಯಾಗಿ ಊಟ ಮಾಡ್ತಿಲ್ಲ. ಇಂಥದ್ದು ಅನುಭವಿಸಿದವರು, ಕಾನೂನು ಗೊತ್ತಿರೋರು ದಯವಿಟ್ಟು ಹೇಳಿ.

ಗುರುಬಳಗ

ತಂಗಿಗೆ ಧೈರ್ಯ ಹೇಳಪ್ಪ ಮೊದ್ಲು. ನಾನು ಇಲಾಖೆಯಲ್ಲೇ ಇದ್ದು ರಿಟೈರ್ ಆದವನು, ಇಂಥ ಆದೇಶಗಳನ್ನ ತುಂಬಾ ನೋಡಿದ್ದೀನಿ, ವಾಪಸ್ ಆಗಿದ್ದೂ ಇದೆ, ನಿಂತಿದ್ದೂ ಇದೆ. ಒಂದು ಅರ್ಜಿ ಬರೆದು ಉಪನಿರ್ದೇಶಕರಿಗೂ ಆಯುಕ್ತರಿಗೂ ಕೊಡಿ, ಇನ್‌ವರ್ಡ್ ನಂಬರ್ ಹಾಕಿಸಿಕೊಂಡು ಸ್ವೀಕೃತಿ ತಗೊಳ್ಳಿ. ಬಾಯಿಮಾತಲ್ಲಿ ಸಾಹೇಬ್ರು 'ನೋಡೋಣ' ಅಂದ್ರು ಅಂತ ನಂಬ್ಕೊಂಡು ಕೂರಬೇಡಿ. ಸಂಘದವರನ್ನೂ ಜೊತೆಗೆ ಕರ್ಕೊಂಡು ಹೋಗಿ, ಒಬ್ಬಳೇ ಹೋದ್ರೆ ಆ ಟೇಬಲ್ಲಿಂದ ಈ ಟೇಬಲ್ಲಿಗೆ ಓಡಾಡಿಸ್ತಾರೆ.

ಕೃಷ್ಣಾತೀರ

ನೇರ ಹೈಕೋರ್ಟಿಗೆ ಹೋಗ್ರಿ ಅಣ್ಣಾ. ರಿಟ್, ಅಂದ್ರ ಸರ್ಕಾರದ ಆದೇಶದ ವಿರುದ್ಧ ಅರ್ಜಿ, ಹಾಕಿದ್ರ ಸ್ಟೇ ಸಿಗತೈತಿ. ನೋಟಿಸ್ ಕೊಡದ ತಗದಾರ ಅಂದ್ರ ಅದು ಸಹಜ ನ್ಯಾಯದ ವಿರುದ್ಧ ಆತಲ್ರಿ, ಜಡ್ಜ್ ನೋಡಿದ ಕೂಡ್ಲೇ ರದ್ದು ಮಾಡ್ತಾರ.

ತೀರ್ಪುಓದುಗ

ಸೇವಾ ಕೇಸುಗಳನ್ನೇ ಜಾಸ್ತಿ ನಡೆಸೋ ವಕೀಲ ನಾನು, ಅದಕ್ಕೆ ಸ್ವಲ್ಪ ಉದ್ದ ಬರೀತೀನಿ, ಬೇಸರ ಮಾಡ್ಕೋಬೇಡಿ.

ಕೃಷ್ಣಾತೀರ ಅವರೇ, ನೇರ ಹೈಕೋರ್ಟಿಗೆ ಹೋಗಿ ಅನ್ನೋ ಸಲಹೆಯಿಂದಲೇ ನಮ್ಮ ರಾಜ್ಯದಲ್ಲಿ ಶಿಕ್ಷಕ ಅಭ್ಯರ್ಥಿಗಳು ವರ್ಷಗಳನ್ನ ಕಳ್ಕೊಂಡಿದ್ದಾರೆ. 2022ರಲ್ಲಿ 6ರಿಂದ 8ನೇ ತರಗತಿಗೆ 15,000 ಪದವೀಧರ ಪ್ರಾಥಮಿಕ ಶಿಕ್ಷಕರ ನೇಮಕಾತಿ ಕರೆದಿದ್ರಲ್ಲ, ಅದರಲ್ಲಿ ಮದುವೆಯಾದ ಹೆಣ್ಣುಮಕ್ಕಳು ಅಪ್ಪನ ಹೆಸರಿನ ಜಾತಿ-ಆದಾಯ ಪ್ರಮಾಣಪತ್ರ ಕೊಟ್ಟಿದ್ರು, ಗಂಡನ ಹೆಸರಿನದು ಬೇಕಿತ್ತು ಅಂತ ಹೇಳಿ ಅವರನ್ನ ಸಾಮಾನ್ಯ ವರ್ಗಕ್ಕೆ ತಳ್ಳಿದ್ರು. ಅವರು ಹೈಕೋರ್ಟಿಗೆ ರಿಟ್ ಹಾಕಿದ್ರು, 2023ರ ಜನವರಿಯಲ್ಲಿ ಏಕಸದಸ್ಯ ಪೀಠ ಅವರ ಪರ ತೀರ್ಪೂ ಕೊಡ್ತು. ಆದ್ರೆ ಅದೇ ವರ್ಷ ಅಕ್ಟೋಬರ್‌ನಲ್ಲಿ ಇಬ್ಬರು ನ್ಯಾಯಮೂರ್ತಿಗಳ ವಿಭಾಗೀಯ ಪೀಠ ಆ ತೀರ್ಪು ಬದಿಗಿಟ್ಟು, ಇದು ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ, ಅಂದ್ರೆ ನಾವು ಕೆಎಸ್‌ಎಟಿ ಅಂತೀವಲ್ಲ ಅಲ್ಲಿಗೆ ಹೋಗಬೇಕಾದ ವಿಷಯ ಅಂತು. 2025ರ ಅಕ್ಟೋಬರ್‌ನಲ್ಲಿ ಸುಪ್ರೀಂ ಕೋರ್ಟೂ ಅದನ್ನೇ ಎತ್ತಿಹಿಡೀತು. ಅವರ ವಾದದಲ್ಲಿ ಹುರುಳಿತ್ತೋ ಇಲ್ವೋ ಅನ್ನೋದು ಕೊನೇವರೆಗೂ ತೀರ್ಮಾನ ಆಗಲೇ ಇಲ್ಲ, ಯಾವ ಬಾಗಿಲು ಅನ್ನೋದ್ರಲ್ಲೇ ಮೂರು ವರ್ಷ ಹೋಯ್ತು. ಆ ಹೆಣ್ಣುಮಕ್ಕಳನ್ನ ನೆನೆಸಿಕೊಂಡ್ರೆ ನನಗೆ ಈಗಲೂ ಸಂಕಟ ಆಗುತ್ತೆ.

ಕಾರಣ ಏನಂದ್ರೆ, 1985ರ ಆಡಳಿತ ನ್ಯಾಯಮಂಡಳಿ ಕಾಯ್ದೆಯ 15ನೇ ಸೆಕ್ಷನ್ ಪ್ರಕಾರ ರಾಜ್ಯ ಸರ್ಕಾರದ ಸಿವಿಲ್ ಹುದ್ದೆಯ ನೇಮಕಾತಿ, ನೇಮಕಾತಿಗೆ ಸಂಬಂಧಿಸಿದ ಯಾವುದೇ ವಿಷಯ, ಸೇವಾ ವಿಷಯ ಎಲ್ಲವೂ ನ್ಯಾಯಮಂಡಳಿಗೇ ಸೇರುತ್ತೆ. ಕೆಲಸಕ್ಕೆ ಸೇರಿದವರದ್ದು ಮಾತ್ರ ಅಂತಲ್ಲ, ಸೆಲೆಕ್ಷನ್ ಲಿಸ್ಟಿಂದ ಹೆಸರು ತೆಗೆದ್ರೂ ಅಲ್ಲಿಗೇ. 1997ರಲ್ಲಿ ಚಂದ್ರಕುಮಾರ್ ಕೇಸಿನಲ್ಲಿ ಸುಪ್ರೀಂ ಕೋರ್ಟಿನ ಏಳು ನ್ಯಾಯಮೂರ್ತಿಗಳ ಪೀಠ ಇದನ್ನ ಸ್ಪಷ್ಟವಾಗಿ ಹೇಳಿದೆ, ಮೊದಲು ನ್ಯಾಯಮಂಡಳಿ, ಅಲ್ಲಿ ಸೋತ್ರೆ ಹೈಕೋರ್ಟಿನ ವಿಭಾಗೀಯ ಪೀಠ, ಆಮೇಲೆ ಬೇಕಿದ್ರೆ ಸುಪ್ರೀಂ ಕೋರ್ಟು. ಕೆಎಸ್‌ಎಟಿ ಬೆಂಗಳೂರಲ್ಲಿದೆ, ಬೆಳಗಾವಿ ಮತ್ತು ಕಲಬುರಗಿಯಲ್ಲೂ ಪೀಠ ಇವೆ, ಹಾಗಾಗಿ ಉತ್ತರದ ಜಿಲ್ಲೆಯವರು ಪ್ರತಿಸಲ ಬೆಂಗಳೂರಿಗೆ ಬರಬೇಕಿಲ್ಲ.

ಇನ್ನು ಮನವಿ ಕೊಟ್ಟು ಕಾಯೋದು. ಮನವಿ ಕೊಡಿ, ಗುರುಬಳಗ ಅವರು ಹೇಳಿದ್ದು ಸರಿ. ಆದ್ರೆ ಕಾಯಬೇಡಿ. ಅಂತಿಮ ಆದೇಶ ಆದ ದಿನದಿಂದ ಒಂದು ವರ್ಷದೊಳಗೆ ಅರ್ಜಿ ಹಾಕಬೇಕು. ನಿಯಮದಲ್ಲಿ ಅವಕಾಶ ಇರೋ ಮೇಲ್ಮನವಿ ಅಥವಾ ಮನವಿ ಕೊಟ್ಟು ಆರು ತಿಂಗಳಾದ್ರೂ ಉತ್ತರ ಬರದಿದ್ರೆ ಆ ಆರು ತಿಂಗಳು ಮುಗಿದ ಮೇಲೆ ಒಂದು ವರ್ಷ. ಮತ್ತೆ ಮತ್ತೆ ಮನವಿ ಕೊಡ್ತಾ ಹೋದ್ರೆ ಲಿಮಿಟೇಶನ್, ಅಂದ್ರೆ ಕೇಸ್ ಹಾಕೋ ಗಡುವು, ಬೆಳೆಯುತ್ತೆ ಅಂತ ತುಂಬಾ ಜನ ಅಂದ್ಕೊಂಡಿದ್ದಾರೆ, ಬೆಳೆಯಲ್ಲ, ಸುಪ್ರೀಂ ಕೋರ್ಟ್ ಎಷ್ಟೋ ಸಲ ಹೇಳಿದೆ. ಲೇಟಾದ್ರೆ ಸರಿಯಾದ ಕಾರಣ ತೋರಿಸಿ ಮನ್ನಾ ಕೇಳಬಹುದು, ಆದ್ರೆ ನೇಮಕಾತಿ ಕೇಸಲ್ಲಿ ತಡ ಮಾಡಿದ್ರೆ ಆ ಜಾಗಕ್ಕೆ ಬೇರೆಯವರು ಬಂದಿರ್ತಾರೆ, ಕಾನೂನಿನ ಲಿಮಿಟೇಶನ್‌ಗಿಂತ ಅದು ದೊಡ್ಡ ತೊಂದರೆ.

ಶಾಲೆಬೆಲ್

ಸರ್ ತುಂಬಾ ಥ್ಯಾಂಕ್ಸ್. ನಾವು ಮುಂದಿನ ವಾರ ಹೈಕೋರ್ಟಿಗೇ ಹಾಕೋದು ಅಂತ ಇದ್ವಿ. ನೋಟಿಸ್ ಕೊಡದೇ ತೆಗೆದಿರೋದ್ರಿಂದ ಕೇಸ್ ಗೆದ್ದೇ ಗೆಲ್ತೀವಿ ಅಲ್ವಾ?

ತೀರ್ಪುಓದುಗ

ಇಲ್ಲೇ ನಾನು ಸ್ವಲ್ಪ ಕಹಿ ಮಾತು ಹೇಳಬೇಕಾಗುತ್ತೆ, ಈಗಲೇ ಗೊತ್ತಿದ್ರೆ ಒಳ್ಳೇದು.

ನೋಟಿಸ್ ಕೊಡದೇ ನೇಮಕಾತಿ ರದ್ದು ಮಾಡೋದು ತಪ್ಪು, ಅದರಲ್ಲಿ ಅನುಮಾನ ಇಲ್ಲ. ಶ್ರವಣ್ ಕುಮಾರ್ ಝಾ ಅಂತ 1991ರ ಕೇಸ್ ಇದೆ, ಬಿಹಾರದ 175 ಸಹಾಯಕ ಶಿಕ್ಷಕರ ನೇಮಕಾತಿಯನ್ನ ವಿಚಾರಣೆ ಇಲ್ಲದೆ ರದ್ದು ಮಾಡಿದ್ರು, ಸುಪ್ರೀಂ ಕೋರ್ಟ್ ಆ ಆದೇಶ ಹೊಡೆದು ಹಾಕ್ತು. ನಿಮ್ಮ ತಂಗಿ ಕೇಸಿಗೆ ತುಂಬಾ ಹತ್ತಿರದ್ದು, ವಕೀಲರಿಗೆ ಕೊಡಿ. ಆದ್ರೆ ಆ ಕೇಸಲ್ಲಿ ಕೋರ್ಟ್ ಹೇಳಿದ್ದೇನು ಗೊತ್ತಾ, ಅವರಿಗೆ ಅವಕಾಶ ಕೊಟ್ಟು ಕೇಳಿ, ಆಮೇಲೆ ಹೊಸದಾಗಿ ತೀರ್ಮಾನ ಮಾಡಿ ಅಂತ. ಅಂದ್ರೆ ನೋಟಿಸ್ ಇಲ್ಲ ಅನ್ನೋ ಒಂದೇ ಪಾಯಿಂಟ್ ಮೇಲೆ ಗೆದ್ರೆ ಸಾಮಾನ್ಯವಾಗಿ ಸಿಗೋದು ಇನ್ನೊಂದು ವಿಚಾರಣೆ. ಇಲಾಖೆಯವರು ನೋಟಿಸ್ ಕೊಡ್ತಾರೆ, ನೀವು ಉತ್ತರ ಬರೀತೀರಿ, ಅವರು ಎರಡು ಪುಟ ಜಾಸ್ತಿ ಸೇರಿಸಿ ಅದೇ ಆದೇಶ ಮತ್ತೆ ಹೊರಡಿಸ್ತಾರೆ. ಇದನ್ನ ನಾನು ಕಣ್ಣಾರೆ ನೋಡಿದ್ದೀನಿ. ಗೆದ್ವಿ ಅಂತ ಸಿಹಿ ಹಂಚಿದವರು ಮತ್ತೆ ಅಳುತ್ತಾ ಬಂದಿದ್ದಾರೆ.

ಅದೂ ಅಲ್ದೆ 2020ರಲ್ಲಿ ಉತ್ತರ ಪ್ರದೇಶದ ಒಂದು ಕೇಸಿನಲ್ಲಿ ಸುಪ್ರೀಂ ಕೋರ್ಟ್ ಹೇಳಿದ್ದು, ನೋಟಿಸ್ ಕೊಡಲಿಲ್ಲ ಅಂದ್ರಷ್ಟೇ ಸಾಲದು, ಕೊಡದೇ ಇದ್ದಿದ್ದರಿಂದ ನಿಮಗೆ ನಿಜವಾಗಿ ಏನು ಅನ್ಯಾಯ ಆಯ್ತು ತೋರಿಸಬೇಕು ಅಂತ. ಕರೆದು ಕೇಳಿದ್ರೆ ನಾನು ಈ ದಾಖಲೆ ತೋರಿಸ್ತಿದ್ದೆ, ಇದನ್ನ ನೋಡಿದ್ರೆ ಅವರು ರದ್ದು ಮಾಡೋಕೇ ಆಗ್ತಿರ್ಲಿಲ್ಲ ಅಂತ ಅರ್ಜಿಯಲ್ಲೇ ಬರೀಬೇಕು.

ಆದ್ದರಿಂದ ಆದೇಶದಲ್ಲಿ ಬರೆದಿರೋ ಕಾರಣದ ಮೇಲೆ ಹೊಡೆದಾಡಿ. ಪ್ರಮಾಣಪತ್ರ ಕ್ರಮಬದ್ಧವಾಗಿಲ್ಲ ಅಂದ್ರೆ ಏನು ಕ್ರಮಬದ್ಧವಾಗಿಲ್ಲ? ಊರು ಗ್ರಾಮೀಣ ಅಲ್ವಾ, ಸಹಿ ಮಾಡಿದವರಿಗೆ ಅಧಿಕಾರ ಇರ್ಲಿಲ್ವಾ, ನಮೂನೆ ಬೇರೆನಾ, ಕೊನೇ ದಿನಾಂಕದ ನಂತರ ಪಡೆದಿದ್ದಾ? ಆದೇಶದಲ್ಲಿ ಹೇಳಿಲ್ಲ. ಹೇಳದೇ ಇರೋದನ್ನ ಅವರು ನಾಳೆ ನ್ಯಾಯಮಂಡಳಿಯಲ್ಲಿ ಆಕ್ಷೇಪಣೆ ಸಲ್ಲಿಸುವಾಗ ಹೊಸದಾಗಿ ತುಂಬೋ ಹಾಗಿಲ್ಲ, 1978ರ ಮೊಹಿಂದರ್ ಸಿಂಗ್ ಗಿಲ್ ತೀರ್ಪು ಅದನ್ನೇ ಹೇಳೋದು, ಆದೇಶದ ಬಲಾಬಲ ಆದೇಶದಲ್ಲಿರೋ ಕಾರಣದ ಮೇಲೇ ನಿಲ್ಲಬೇಕು. ನಿಮ್ಮ ಕೈಲಿರೋ ಗಟ್ಟಿ ಪಾಯಿಂಟ್ ಇದು.

ದಾಖಲೆಹುಡುಕಿ

ತೀರ್ಪುಓದುಗ ಸರ್ ಹೇಳಿದ ಕಾರಣದ ವಿಷಯಕ್ಕೆ ದಾಖಲೆ ಹೇಗೆ ತೆಗೀಬೇಕು ಅಂತ ನಾನು ಹೇಳ್ತೀನಿ, ನಾನು ಮಾಡೋ ಕೆಲಸಾನೇ ಇದು.

ಮಾಹಿತಿ ಹಕ್ಕಿನಲ್ಲಿ ಇವತ್ತೇ ಅರ್ಜಿ ಹಾಕಿ, ಹತ್ತು ರೂಪಾಯಿ ಶುಲ್ಕ, ಮೂವತ್ತು ದಿನದೊಳಗೆ ಉತ್ತರ ಕೊಡಬೇಕು. 'ಯಾಕೆ ರದ್ದು ಮಾಡಿದ್ರಿ' ಅಂತ ಪ್ರಶ್ನೆ ಕೇಳಬೇಡಿ, ಪ್ರಶ್ನೆ ಕೇಳಿದ್ರೆ ಅದು ಮಾಹಿತಿಯ ವ್ಯಾಪ್ತಿಗೆ ಬರಲ್ಲ ಅಂತ ಹಿಂಬರಹ ಕೊಟ್ಟು ಕೈ ತೊಳ್ಕೋತಾರೆ. ಕಡತ ಕೇಳಿ. ಇಂಥ ನಂಬರಿನ ರದ್ದತಿ ಆದೇಶಕ್ಕೆ ಸಂಬಂಧಿಸಿದ ಕಡತದ ಟಿಪ್ಪಣಿ ಹಾಳೆಗಳು, ಬಂದ ದೂರಿನ ಪ್ರತಿ, ದಾಖಲೆ ಪರಿಶೀಲನೆ ದಿನ ಸಮಿತಿ ಬರೆದ ಷರಾ, ಪ್ರಮಾಣಪತ್ರ ಕೊಟ್ಟ ಕಚೇರಿಗೆ ಇವರು ಬರೆದ ಪತ್ರ ಮತ್ತು ಅವರ ಉತ್ತರ, ಇವುಗಳ ದೃಢೀಕೃತ ನಕಲು ಕೊಡಿ ಅಂತ. ಟಿಪ್ಪಣಿ ಹಾಳೆಯಲ್ಲೇ ಎಲ್ಲಾ ಇರೋದು. ಕೆಳಗಿನ ವಿಷಯ ನಿರ್ವಾಹಕರು 'ಅಭ್ಯರ್ಥಿಗೆ ನೋಟಿಸ್ ನೀಡಬಹುದು' ಅಂತ ಬರೆದು ಮೇಲಿನವರು ಅದನ್ನ ಬಿಟ್ಟು ಸಹಿ ಹಾಕಿರೋ ಕಡತಗಳನ್ನ ನೋಡಿದ್ದೀನಿ, ಅಂಥದ್ದು ಸಿಕ್ಕಿದ್ರೆ ಚಿನ್ನ.

ಇನ್ನೊಂದು ಅರ್ಜಿ ಬೇರೆ ಕಚೇರಿಗೆ. ನಿಮ್ಮೂರು ಗ್ರಾಮ ಪಂಚಾಯಿತಿಯಿಂದ ಪಟ್ಟಣ ಪಂಚಾಯಿತಿ ಯಾವತ್ತು ಆಯ್ತು ಅನ್ನೋದಕ್ಕೆ ಸರ್ಕಾರದ ಅಧಿಸೂಚನೆ ಇರುತ್ತೆ, ರಾಜ್ಯಪತ್ರದಲ್ಲಿ ಬಂದಿರುತ್ತೆ, ಅದರ ನಕಲು ಬೇಕು. ತಂಗಿ ಹತ್ತನೇ ಕ್ಲಾಸ್ ಮುಗಿಸಿದ ವರ್ಷ ಅಧಿಸೂಚನೆಗಿಂತ ಹಿಂದಿನದಾಗಿದ್ರೆ ವಾದ ತುಂಬಾ ಸರಳ ಆಗುತ್ತೆ, ಅವಳು ಓದಿದ ಅಷ್ಟೂ ವರ್ಷ ಅದು ಹಳ್ಳಿನೇ. ಶಾಲೆಯ ದಾಖಲಾತಿ ಪುಸ್ತಕದ ಉದ್ಧೃತ ಭಾಗ, ವ್ಯಾಸಂಗ ಪ್ರಮಾಣಪತ್ರ, ಎಸ್‌ಎಸ್‌ಎಲ್‌ಸಿ ಅಂಕಪಟ್ಟಿ ಎಲ್ಲಾ ಜೋಡಿಸಿ. ನೇಮಕಾತಿ ಅಧಿಸೂಚನೆಯಲ್ಲಿ ಗ್ರಾಮೀಣ ಮೀಸಲಾತಿಗೆ ಏನು ಕೇಳಿದ್ರು ಅನ್ನೋ ಪುಟಾನೂ ಬೇಕು, ಹುದ್ದೆಗಳಲ್ಲಿ 25 ಪರ್ಸೆಂಟ್ ಗ್ರಾಮೀಣ ಅಂತ ಕೊಡ್ತಾರಲ್ಲ, ಅದರ ಷರತ್ತು ಅಲ್ಲಿರುತ್ತೆ.

ಆದ್ರೆ ಮಾಹಿತಿ ಹಕ್ಕಿನ ಉತ್ತರ ಬರಲಿ ಅಂತ ಕೇಸ್ ನಿಲ್ಲಿಸಬೇಡಿ, ಅದು ಆಮೇಲೂ ಸೇರಿಸಬಹುದು.

ವೇಟಿಂಗ್‌ಲಿಸ್ಟ್

ನಾನು ಇದರ ಇನ್ನೊಂದು ಕಡೆಯವಳು, ಅದಕ್ಕೆ ಬರೀಬೇಕೋ ಬೇಡ್ವೋ ಅಂತ ಯೋಚಿಸ್ತಾ ಇದ್ದೆ. ನನ್ನ ಜಿಲ್ಲೆಯಲ್ಲಿ ನನಗಿಂತ ಕಡಿಮೆ ಅಂಕ ಇರೋ ಒಬ್ಬರು ಸುಳ್ಳು ಕನ್ನಡ ಮಾಧ್ಯಮ ಪ್ರಮಾಣಪತ್ರ ಕೊಟ್ಟು ಸೆಲೆಕ್ಟ್ ಆಗಿದ್ದಾರೆ ಅಂತ ನಾನೇ ದೂರು ಕೊಟ್ಟಿದ್ದೀನಿ, ಅವರು ಇಂಗ್ಲಿಷ್ ಮೀಡಿಯಂ ಶಾಲೆಯಲ್ಲಿ ಓದಿದ್ದು ಊರಿಗೇ ಗೊತ್ತು. ಎಲ್ಲಾ ರದ್ದತಿನೂ ಅನ್ಯಾಯ ಅಂತ ದಯವಿಟ್ಟು ಹೇಳಬೇಡಿ. ಒಂದು ಸುಳ್ಳು ಪೇಪರಿಂದ ನನ್ನಂಥವಳ ವಯೋಮಿತಿ ಮುಗೀತಾ ಬಂತು. ಶಾಲೆಬೆಲ್ ಅವರ ತಂಗಿ ನಿಜವಾಗ್ಲೂ ಹಳ್ಳೀಲೇ ಓದಿದ್ರೆ ಅವರಿಗೆ ನ್ಯಾಯ ಸಿಗಲಿ ಅಂತಲೇ ಬಯಸ್ತೀನಿ. ನನ್ನ ಪ್ರಶ್ನೆ ಏನಂದ್ರೆ, ಅಂಥವರ ನೇಮಕಾತಿ ರದ್ದಾದ್ರೆ ಆ ಜಾಗ ನನಗೆ ಸಿಗುತ್ತಾ?

ಗುರುಬಳಗ

ಸರಿಯಾಗಿ ಬರೆದ್ರಿ ತಾಯಿ. ನಮ್ಮ ಇಲಾಖೆಯಲ್ಲಿ 2012-13ರ, 2014-15ರ ನೇಮಕಾತಿಗಳಲ್ಲಿ ಅರ್ಜಿನೇ ಹಾಕದವರು ಮೇಷ್ಟ್ರಾಗಿದ್ರು ಅಂತ 2022ರಲ್ಲಿ ಸಿಐಡಿ ಹಿಡೀತಲ್ಲ, ಅದನ್ನ ಓದಿದಾಗ ನಾವೆಲ್ಲ ತಲೆ ತಗ್ಗಿಸಿದ್ವಿ. ಅಂಥವರ ಪರವಾಗಿ ಯಾರೂ ನಿಲ್ಲಬಾರದು.

ತೀರ್ಪುಓದುಗ

ವೇಟಿಂಗ್‌ಲಿಸ್ಟ್ ಮೇಡಂ, ನೇರ ಉತ್ತರ ಹೇಳ್ಬೇಕು ಅಂದ್ರೆ, ತಾನಾಗೇ ಸಿಗಲ್ಲ. ಶಂಕರ್‌ಸನ್ ದಾಶ್ ಅಂತ 1991ರ ಸಂವಿಧಾನ ಪೀಠದ ತೀರ್ಪಿದೆ, ಪಟ್ಟಿಯಲ್ಲಿ ಹೆಸರಿದ್ದ ಮಾತ್ರಕ್ಕೆ ನೇಮಕಾತಿಯ ಹಕ್ಕು ಹುಟ್ಟಲ್ಲ, ಆದ್ರೆ ಸರ್ಕಾರ ಮನಸ್ಸಿಗೆ ಬಂದ ಹಾಗೆ ಖಾಲಿ ಬಿಡೋ ಹಾಗೂ ಇಲ್ಲ, ಬಿಟ್ರೆ ಕಾರಣ ಬೇಕು. ನಿಮ್ಮ ನೇಮಕಾತಿಯ ನಿಯಮದಲ್ಲಿ ಹೆಚ್ಚುವರಿ ಪಟ್ಟಿ ಇದೆಯಾ, ಅದು ಎಷ್ಟು ದಿನ ಚಾಲ್ತಿಯಲ್ಲಿರುತ್ತೆ ನೋಡಿ. ಪಟ್ಟಿ ಚಾಲ್ತಿಯಲ್ಲಿರುವಾಗಲೇ ನೀವು ಕೆಎಸ್‌ಎಟಿಯಲ್ಲಿ ಅರ್ಜಿ ಹಾಕಿ ಆ ಹುದ್ದೆ ಮೇಲೆ ಹಕ್ಕು ಕೇಳಬೇಕು, ಪಟ್ಟಿ ಸತ್ತ ಮೇಲೆ ಕಷ್ಟ. ಆ ಅಭ್ಯರ್ಥಿಯನ್ನ ಪ್ರತಿವಾದಿ ಮಾಡಲೇಬೇಕು, ಅವರನ್ನ ಬಿಟ್ಟು ಅವರ ವಿರುದ್ಧ ಆದೇಶ ಪಡೆಯೋಕೆ ಆಗಲ್ಲ. ಹಾಗೇ ಶಾಲೆಬೆಲ್ ಅವರೇ, ನಿಮ್ಮ ತಂಗಿ ಜಾಗಕ್ಕೆ ಯಾರನ್ನಾದ್ರೂ ಹಾಕಿದ್ರೆ ಅವರನ್ನೂ ಪ್ರತಿವಾದಿ ಮಾಡಿ, ಇಲ್ಲದಿದ್ರೆ ಅದೊಂದೇ ಕಾರಣಕ್ಕೆ ಕೇಸ್ ನಿಲ್ಲಲ್ಲ.

ಸುಳ್ಳು ಪ್ರಮಾಣಪತ್ರ ಅಂತ ಸಾಬೀತಾದ್ರೆ ಕೋರ್ಟುಗಳು ಕನಿಕರ ತೋರಿಸಲ್ಲ, ಜಾತಿ ಪ್ರಮಾಣಪತ್ರದ ವಿಷಯದಲ್ಲಿ 2017ರಲ್ಲಿ ಸುಪ್ರೀಂ ಕೋರ್ಟ್ ಸ್ಪಷ್ಟವಾಗಿ ಹೇಳಿದೆ, ಎಷ್ಟೇ ವರ್ಷ ಸೇವೆ ಮಾಡಿದ್ರೂ ಆ ಆಧಾರದ ಕೆಲಸ ಉಳಿಯಲ್ಲ ಅಂತ. ಆದ್ರೆ ಸುಳ್ಳು ಬೇರೆ, ತಾಂತ್ರಿಕ ದೋಷ ಬೇರೆ. ಅಧಿಕಾರಿ ತಪ್ಪು ನಮೂನೆಯಲ್ಲಿ ಕೊಟ್ಟಿದ್ದು ಅಭ್ಯರ್ಥಿಯ ಮೋಸ ಅಲ್ಲ. ರದ್ದತಿ ಆದೇಶದಲ್ಲಿ 'ನಕಲಿ', 'ಸುಳ್ಳು ಮಾಹಿತಿ' ಅನ್ನೋ ಪದ ಇದೆಯಾ ಅನ್ನೋದನ್ನ ಮೊದಲು ನೋಡಿ. ಇದ್ರೆ ಅದು ಕಳಂಕ, ಪ್ರೊಬೇಷನ್‌ನಲ್ಲಿ ಇದ್ದವರನ್ನೂ ವಿಚಾರಣೆ ಇಲ್ಲದೆ ಕಳಂಕ ಹೊರಿಸಿ ತೆಗೆಯೋ ಹಾಗಿಲ್ಲ, ಸಂವಿಧಾನದ 311ನೇ ವಿಧಿ ಅಡ್ಡ ಬರುತ್ತೆ.

ಕೃಷ್ಣಾತೀರ

ಸರ್, ಹಂಗಾದ್ರ ಪಶ್ಚಿಮ ಬಂಗಾಳದಾಗ ಎಲ್ಲಾರ್ನೂ ಒಮ್ಮೆಲೇ ತಗದ್ರಲ್ಲಾ, ಅಲ್ಲಿ ತಪ್ಪ ಮಾಡದವ್ರೂ ಹ್ವಾದ್ರು. ಅದು ಹ್ಯಾಂಗ್ ಆತ್ರಿ?

ತೀರ್ಪುಓದುಗ

ಅದು ಬೇರೆ ಜಾತಿಯ ಕೇಸ್. 2016ರ ಆಯ್ಕೆಯಲ್ಲಿ ಬಂದ 25,753 ಶಿಕ್ಷಕ, ಶಿಕ್ಷಕೇತರ ನೇಮಕಾತಿಗಳನ್ನ 2024ರ ಏಪ್ರಿಲ್‌ನಲ್ಲಿ ಕಲ್ಕತ್ತಾ ಹೈಕೋರ್ಟ್ ರದ್ದು ಮಾಡ್ತು, 2025ರ ಏಪ್ರಿಲ್ 3ರಂದು ಸುಪ್ರೀಂ ಕೋರ್ಟ್ ಒಪ್ಪಿಕೊಳ್ತು. ಆಯ್ಕೆ ಪ್ರಕ್ರಿಯೆನೇ ಸರಿಪಡಿಸಲಾಗದಷ್ಟು ಕೆಟ್ಟಿದೆ, ಅದನ್ನ ಮುಚ್ಚಿಹಾಕೋ ಪ್ರಯತ್ನಾನೂ ನಡೆದಿದೆ ಅನ್ನೋದು ಅಲ್ಲಿನ ಆಧಾರ. ತಪ್ಪು ಮಾಡಿದವರು ಅಂತ ಗುರುತಾದವರು ಸಂಬಳ ವಾಪಸ್ ಕೊಡಬೇಕು, ಉಳಿದವರು ಕೊಡಬೇಕಿಲ್ಲ ಅಂದ್ರು. ಕಳಂಕ ಇಲ್ಲದ ಶಿಕ್ಷಕರಿಗೆ ಮಕ್ಕಳ ಪಾಠ ನಿಲ್ಲಬಾರದು ಅಂತ ಮೊದಲು ಆ ವರ್ಷದ ಡಿಸೆಂಬರ್ 31ರವರೆಗೆ ಮುಂದುವರಿಯೋಕೆ ಅವಕಾಶ ಕೊಟ್ರು. ನಿರಪರಾಧಿಗಳ ನೋವು ನೋಡಿದ್ರೆ ಆ ತೀರ್ಪು ಓದೋದು ಕಷ್ಟ, ಆದ್ರೂ ಇಡೀ ಆಯ್ಕೆ ರದ್ದಾದಾಗ ಒಬ್ಬೊಬ್ಬರಿಗೂ ನೋಟಿಸ್ ಕೊಡಲಿಲ್ಲ ಅನ್ನೋ ವಾದ ಹೆಚ್ಚು ನಿಲ್ಲಲ್ಲ. ಒಬ್ಬರದ್ದೇ ನೇಮಕಾತಿ, ಒಂದೇ ಪ್ರಮಾಣಪತ್ರದ ಕಾರಣಕ್ಕೆ ರದ್ದಾದಾಗ ಮಾತ್ರ ಆ ವಾದಕ್ಕೆ ಪೂರ್ತಿ ಬಲ. ಇಲಾಖೆ ವಕೀಲರು ಬಂಗಾಳದ ತೀರ್ಪು ತಂದು ಇಟ್ಟರೆ ಈ ವ್ಯತ್ಯಾಸ ಹೇಳಿ.

ಬಯಲುಸೀಮೆಟೀಚರ್

ನನ್ನದು ಅನುದಾನಿತ ಪ್ರೌಢಶಾಲೆ. ಆಡಳಿತ ಮಂಡಳಿಯವರು ನೇಮಕಾತಿ ಪತ್ರ ಕೊಟ್ಟು, ಸಮಿತಿಯೊಳಗೆ ಗುಂಪು ಬದಲಾದ ಮೇಲೆ 'ಹಿಂದಿನ ಕಾರ್ಯದರ್ಶಿಗೆ ಅಧಿಕಾರವೇ ಇರಲಿಲ್ಲ, ನಿಮ್ಮ ನೇಮಕಾತಿ ರದ್ದು' ಅಂತ ಲೆಟರ್ ಕೊಟ್ಟಿದ್ದಾರೆ. ಇವರಿಬ್ಬರ ಜಗಳದಲ್ಲಿ ನಾನ್ಯಾಕೆ ಸಾಯ್ಬೇಕು. ನಾನೂ ಕೆಎಸ್‌ಎಟಿಗೆ ಹೋಗಬಹುದಾ?

ತೀರ್ಪುಓದುಗ

ಹೋಗೋ ಹಾಗಿಲ್ಲ ಮೇಡಂ, ಅನುದಾನಿತ ಶಾಲೆಯ ಶಿಕ್ಷಕರದ್ದು ಸಂಬಳ ಸರ್ಕಾರದ್ದಾದ್ರೂ ಹುದ್ದೆ ಸರ್ಕಾರದ ಸಿವಿಲ್ ಹುದ್ದೆ ಅಲ್ಲ. ನಿಮಗೆ ಕರ್ನಾಟಕ ಶಿಕ್ಷಣ ಕಾಯ್ದೆ 1983 ಇದೆ. ಅದರ 92ನೇ ಸೆಕ್ಷನ್ ಪ್ರಕಾರ ಆರೋಪ ತಿಳಿಸಿ, ವಿಚಾರಣೆ ಮಾಡಿ, ಹೇಳಿಕೊಳ್ಳೋ ಅವಕಾಶ ಕೊಡದೆ ಖಾಸಗಿ ಸಂಸ್ಥೆಯವರು ನೌಕರರನ್ನ ವಜಾ ಮಾಡೋ ಹಾಗಿಲ್ಲ, ತೆಗೆಯೋ ಹಾಗಿಲ್ಲ. ಹಾಗೆ ಮಾಡಿದ್ರೆ 94ನೇ ಸೆಕ್ಷನ್‌ನಲ್ಲಿ ಶೈಕ್ಷಣಿಕ ಮೇಲ್ಮನವಿ ನ್ಯಾಯಮಂಡಳಿಗೆ ಅಪೀಲು, ಜಿಲ್ಲಾ ನ್ಯಾಯಾಧೀಶರೇ ಅದನ್ನ ನಡೆಸ್ತಾರೆ. ಆದೇಶ ತಲುಪಿದ ಮೂರು ತಿಂಗಳೊಳಗೆ ಹಾಕಬೇಕು, ಒಂದು ವರ್ಷ ಅಲ್ಲ. ಎಷ್ಟೋ ಜನ ಸರ್ಕಾರಿ ನೌಕರರ ಒಂದು ವರ್ಷದ ಮಾತು ಕೇಳಿ ಇಲ್ಲಿ ಅವಧಿ ಮೀರಿಸಿಕೊಂಡಿದ್ದಾರೆ.

ಅವರು 'ವಜಾ' ಅನ್ನದೆ 'ನೇಮಕಾತಿ ರದ್ದು' ಅಂತ ಬರೆದಿರೋದು ಬಹುಶಃ ಈ ಸೆಕ್ಷನ್ನಿಂದ ತಪ್ಪಿಸ್ಕೊಳ್ಳೋಕೆ. ಹೆಸರು ಏನೇ ಇಟ್ಟರೂ ಪರಿಣಾಮದಲ್ಲಿ ಅದು ಸೇವೆಯಿಂದ ತೆಗೆದಿದ್ದೇ ಅಂತ ಅಪೀಲಿನ ಮೊದಲ ಪ್ಯಾರಾದಲ್ಲೇ ಬರೆಸಿ. ಒಂದು ವೇಳೆ ಆಡಳಿತ ಮಂಡಳಿ ಅಲ್ಲದೆ ಇಲಾಖೆನೇ ನಿಮ್ಮ ನೇಮಕಾತಿಯ ಅನುಮೋದನೆ ವಾಪಸ್ ತಗೊಂಡು ಸಂಬಳ ನಿಲ್ಲಿಸಿದ್ರೆ ಆಗ ದಾರಿ ಬೇರೆ, ಅದು ಸರ್ಕಾರದ ಆದೇಶ, 226ನೇ ವಿಧಿಯಲ್ಲಿ ಹೈಕೋರ್ಟಿಗೆ ರಿಟ್, ನಿಮ್ಮ ಜಿಲ್ಲೆ ನೋಡ್ಕೊಂಡು ಬೆಂಗಳೂರು, ಧಾರವಾಡ ಅಥವಾ ಕಲಬುರಗಿ ಪೀಠ.

ಹಿಂದಿನ ಸಂಬಳದ ಬಗ್ಗೆಯೂ ಹೇಳಿಬಿಡ್ತೀನಿ. 2013ರ ದೀಪಾಲಿ ಸುರ್ವಸೆ ತೀರ್ಪು ಮಹಾರಾಷ್ಟ್ರದ ಒಬ್ಬ ಶಿಕ್ಷಕಿಯದೇ. ತಪ್ಪಾಗಿ ತೆಗೆದವರನ್ನ ಮತ್ತೆ ಸೇರಿಸಿಕೊಂಡಾಗ ಹಿಂಬಾಕಿ ಸಂಬಳ ಕೊಡೋದೇ ಸಾಮಾನ್ಯ ನಿಯಮ ಅಂತ ಹೇಳಿದೆ, ಆದ್ರೆ ಈ ಅವಧಿಯಲ್ಲಿ ನಾನು ಬೇರೆ ಕಡೆ ದುಡೀತಿರಲಿಲ್ಲ, ಅಥವಾ ಕಡಿಮೆ ಸಂಬಳಕ್ಕೆ ದುಡೀತಿದ್ದೆ ಅಂತ ನೀವೇ ಮೊದಲು ಹೇಳಬೇಕು. ಅರ್ಜಿಯಲ್ಲಿ ಆ ಸಾಲು ಇಲ್ಲದೇ ಹಿಂಬಾಕಿ ಕಳ್ಕೊಂಡವರಿದ್ದಾರೆ.

ಚಾಕ್‌ಪುಡಿ

ಖಾಸಗಿ ಅನುದಾನರಹಿತ ಶಾಲೆಯವರು ಲೇಬರ್ ಕೋರ್ಟಿಗೆ ಹೋಗಬಹುದಾ ಸರ್? ನಮ್ಮ ಫ್ರೆಂಡ್ ಒಬ್ಬರಿಗೆ ಯಾರೋ ಹಾಗೆ ಹೇಳಿದ್ದಾರೆ. ನಾನಂತೂ ಅತಿಥಿ ಶಿಕ್ಷಕ, ನನ್ನನ್ನ ವರ್ಷದ ಮಧ್ಯೆ ಬಿಡಿಸಿ ಇನ್ನೊಬ್ಬ ಅತಿಥಿ ಶಿಕ್ಷಕರನ್ನ ಹಾಕ್ಕೊಂಡ್ರು.

ತೀರ್ಪುಓದುಗ

ಲೇಬರ್ ಕೋರ್ಟ್ ಇಲ್ಲ. ಶಿಕ್ಷಕರು ಆಗಿನ ಕೈಗಾರಿಕಾ ವಿವಾದ ಕಾಯ್ದೆಯಲ್ಲಿ ಹೇಳಿದ್ದ 'ಕಾರ್ಮಿಕ' ಅಲ್ಲ ಅಂತ 1988ರಲ್ಲೇ ಗೋವಾದ ಶಿಕ್ಷಕಿಯೊಬ್ಬರ ಕೇಸಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ರಿಟ್ ಕೂಡ ಕಷ್ಟ, 2022ರಲ್ಲಿ ಸುಪ್ರೀಂ ಕೋರ್ಟ್ ಖಾಸಗಿ ಶಾಲೆ ಮತ್ತು ಅದರ ನೌಕರರ ನಡುವಿನ ಬರೀ ಸೇವಾ ಒಪ್ಪಂದದ ಜಗಳ ರಿಟ್‌ಗೆ ಬರಲ್ಲ ಅಂದಿದೆ. ಶಿಕ್ಷಣ ಕಾಯ್ದೆ ಅನ್ವಯಿಸೋ ಶಾಲೆ ಆದ್ರೆ ಮೇಲೆ ಹೇಳಿದ ಅಪೀಲು, ಅದು ಅನುದಾನ ಇಲ್ಲದವರಿಗೂ ಇದೆ. ಅದು ಅನ್ವಯಿಸದಿದ್ರೆ ಸಿವಿಲ್ ಕೋರ್ಟಲ್ಲಿ ನಷ್ಟ ಪರಿಹಾರ, ಅಷ್ಟೇ ಉಳಿಯೋದು.

ನಿಮ್ಮ ವಿಷಯಕ್ಕೆ, ಅತಿಥಿ ಶಿಕ್ಷಕರಿಗೆ ಕಾಯಂ ಆಗೋ ಹಕ್ಕು ಇಲ್ಲ, 2006ರ ಉಮಾದೇವಿ ತೀರ್ಪು ನಮ್ಮ ರಾಜ್ಯದಿಂದಲೇ ಹೋಗಿದ್ದು. ಆದ್ರೆ ಒಬ್ಬ ತಾತ್ಕಾಲಿಕ ನೌಕರನನ್ನ ತೆಗೆದು ಇನ್ನೊಬ್ಬ ತಾತ್ಕಾಲಿಕ ನೌಕರನನ್ನ ಹಾಕಬಾರದು, ಕಾಯಂ ನೇಮಕಾತಿಯವರು ಬಂದ್ರೆ ಮಾತ್ರ ಜಾಗ ಬಿಡಿಸಬಹುದು ಅಂತ 1992ರ ಪಿಯಾರಾ ಸಿಂಗ್ ತೀರ್ಪಲ್ಲಿದೆ. ನಿಮಗೆ ಆಗಿರೋದು ಅದೇ. ನಿಮ್ಮ ಹಾಜರಾತಿ, ಗೌರವಧನ ಜಮೆ ಆದ ಬ್ಯಾಂಕ್ ಪಾಸ್‌ಬುಕ್ ಇಟ್ಕೊಂಡು ಲಿಖಿತ ಮನವಿ ಕೊಡಿ.

ದಾಖಲೆಹುಡುಕಿ

ಕೇಂದ್ರೀಯ ವಿದ್ಯಾಲಯ, ನವೋದಯದವರು ಓದ್ತಿದ್ರೆ, ನಿಮಗೆ ಕೆಎಸ್‌ಎಟಿ ಅಲ್ಲ, ಕೇಂದ್ರ ಆಡಳಿತ ನ್ಯಾಯಮಂಡಳಿಯ ಬೆಂಗಳೂರು ಪೀಠ.

ಶಾಲೆಬೆಲ್

ಸರ್ ಇವತ್ತು ಹೊಸದೊಂದು ಆಗಿದೆ. ಶಾಲೆಗೆ ಫೋನ್ ಮಾಡಿ, ಚಾರ್ಜ್ ಕೊಟ್ಟು ಬಿಡುಗಡೆ ಆಗು ಅಂತ ಹೇಳಿದ್ದಾರೆ, ಜೊತೆಗೆ ಈವರೆಗೆ ಪಡೆದ ಸಂಬಳ ವಾಪಸ್ ಕಟ್ತೀನಿ ಅಂತ ಮುಚ್ಚಳಿಕೆ ಬರೆದು ಕೊಡಬೇಕಂತೆ. ಬರೆದು ಕೊಡದಿದ್ರೆ ಎಫ್‌ಐಆರ್ ಹಾಕ್ತೀವಿ ಅಂತ ಕ್ಲರ್ಕ್ ಹೆದರಿಸಿದ್ದಾರೆ. ಅವಳು ತುಂಬಾ ಹೆದರಿದ್ದಾಳೆ.

ತೀರ್ಪುಓದುಗ

ಮುಚ್ಚಳಿಕೆ ಬರೆದು ಕೊಡಬೇಡಿ. ಯಾವ ಕಾರಣಕ್ಕೂ. ರದ್ದತಿ ಆದೇಶದಲ್ಲಿ ಸಂಬಳ ವಸೂಲಿ ಅಂತ ಬರೆದಿಲ್ಲ ಅಂದ್ರೆ ಫೋನಲ್ಲಿ ಕೇಳೋಕೆ ಯಾರಿಗೂ ಅಧಿಕಾರ ಇಲ್ಲ, ಲಿಖಿತವಾಗಿ ಕೊಡಿ ಅನ್ನಿ. ಅವಳು ಪಾಠ ಮಾಡಿದ ದಿನಗಳಿಗೆ ಪಡೆದ ಸಂಬಳ ಅದು. ನಾಳೆ ಆ ಮುಚ್ಚಳಿಕೆಯನ್ನೇ ನ್ಯಾಯಮಂಡಳಿಯಲ್ಲಿ ಇಟ್ಟು, ನೋಡಿ ತಪ್ಪು ಒಪ್ಪಿಕೊಂಡಿದ್ದಾರೆ ಅಂತಾರೆ.

ಚಾರ್ಜ್ ಕೊಡೋದಿಲ್ಲ ಅಂತ ಹಟ ಹಿಡೀಬೇಡಿ, ಅದು ಬೇರೆ ಶಿಸ್ತಿನ ವಿಷಯ ಆಗುತ್ತೆ. ಕೊಡುವಾಗ 'ರದ್ದತಿ ಆದೇಶವನ್ನು ಪ್ರಶ್ನಿಸುವ ನನ್ನ ಹಕ್ಕನ್ನು ಕಾಯ್ದಿರಿಸಿಕೊಂಡು, ಆಕ್ಷೇಪಣೆಯೊಂದಿಗೆ' ಅಂತ ಕೈಯಲ್ಲಿ ಬರೆದು ಸಹಿ ಮಾಡಲಿ, ಫೋಟೋ ತೆಗೆದುಕೊಳ್ಳಲಿ. ಇನ್ನೂ ಬಿಡುಗಡೆ ಆಗಿಲ್ಲ ಅನ್ನೋದು ನಿಮಗೆ ಅನುಕೂಲ ಸಹ, ಈ ವಾರವೇ ಅರ್ಜಿ ಹಾಕಿ ಮಧ್ಯಂತರ ಆದೇಶ ಕೇಳಿ. ಎದುರುಪಕ್ಷಕ್ಕೆ ಪ್ರತಿ ಕೊಟ್ಟು ಕೇಳದೆ ನ್ಯಾಯಮಂಡಳಿ ಸಾಮಾನ್ಯವಾಗಿ ತಡೆ ಕೊಡಲ್ಲ, ತೀರಾ ತುರ್ತು ಇದ್ರೆ ಕಾರಣ ಬರೆದು ಕೊಡಬಹುದು, ಆಗಲೂ 14 ದಿನಕ್ಕೆ. ಅದಕ್ಕೆ ಸರ್ಕಾರಿ ವಕೀಲರಿಗೆ ಪ್ರತಿ ಮುಂಚೆನೇ ತಲುಪಿಸಿಬಿಡಿ, ಒಂದು ಮುಂದೂಡಿಕೆ ಉಳಿಯುತ್ತೆ. ಆದೇಶಕ್ಕೆ ತಡೆ ಅಂತ ಒಂದೇ ಕೇಳಬೇಡಿ, ಅದು ಸಿಗದಿದ್ರೆ ಕನಿಷ್ಠ ಕೇಸ್ ಮುಗಿಯೋವರೆಗೆ ಆ ಹುದ್ದೆ ತುಂಬಬಾರದು ಅಂತಾದ್ರೂ ಕೇಳಿ, ಅದು ಸಿಗೋ ಸಾಧ್ಯತೆ ಜಾಸ್ತಿ.

ಎಫ್‌ಐಆರ್ ಬಗ್ಗೆ, ಆದೇಶದಲ್ಲಿ 'ಕ್ರಮಬದ್ಧವಾಗಿಲ್ಲ' ಅಂತ ಇದೆ, ನಕಲಿ ಅಂತ ಇಲ್ಲ. ಇಲಾಖೆಯೇ ಕೊಟ್ಟ ಪ್ರಮಾಣಪತ್ರಕ್ಕೆ ಅವಳ ಮೇಲೆ ಮೋಸದ ಕೇಸ್ ನಿಲ್ಲೋದು ಕಷ್ಟ. ಅಷ್ಟಕ್ಕೂ ಭಯ ಇದ್ರೆ ಬಂಧನಕ್ಕೆ ಮುಂಚೆನೇ ಪಡೆಯೋ ನಿರೀಕ್ಷಣಾ ಜಾಮೀನು ಅನ್ನೋದು ಇದೆ, ವಕೀಲರ ಹತ್ತಿರ ಅದನ್ನೂ ಮಾತಾಡಿ ಇಡಿ, ಅವಳಿಗೆ ರಾತ್ರಿ ನಿದ್ದೆ ಬರಬೇಕಲ್ಲ.

ಗುರುಬಳಗ

ಆ ಶಾಲೆಯ ಮುಖ್ಯ ಶಿಕ್ಷಕರ ಹತ್ತಿರ ಅವಳು ಹಾಜರಾದ ದಿನದಿಂದ ಇವತ್ತಿನವರೆಗಿನ ಹಾಜರಾತಿ ಪುಸ್ತಕದ ನಕಲು ಇವತ್ತೇ ತಗೊಳ್ಳಪ್ಪ. ಬಿಡುಗಡೆ ಆದ ಮೇಲೆ ಕೊಡೋಕೆ ಹಿಂದೆಮುಂದೆ ನೋಡ್ತಾರೆ.

ಶಾಲೆಬೆಲ್

ಆಯ್ತು ಸರ್, ಬೆಳಿಗ್ಗೆನೇ ಹೋಗ್ತೀವಿ. ಇನ್ನೊಂದು ಮಾತು, ವಕೀಲರ ಫೀಸು ಕೇಳಿ ಅಪ್ಪ ಹೊಲದ ಮೇಲೆ ಸಾಲ ತೆಗೀತೀನಿ ಅಂತಿದ್ದಾರೆ.

ವೇಟಿಂಗ್‌ಲಿಸ್ಟ್

ಸಾಲ ಮಾಡಬೇಡಿ ಅಂತ ಹೇಳಿ ಅಪ್ಪನಿಗೆ. ಕಾನೂನು ಸೇವಾ ಪ್ರಾಧಿಕಾರದಲ್ಲಿ ಹೆಣ್ಣುಮಕ್ಕಳಿಗೆ ಆದಾಯ ಎಷ್ಟೇ ಇದ್ರೂ ಉಚಿತ ವಕೀಲರನ್ನ ಕೊಡ್ತಾರೆ, 1987ರ ಕಾಯ್ದೆಯ 12ನೇ ಸೆಕ್ಷನ್, ಪರಿಶಿಷ್ಟ ಜಾತಿ, ಪಂಗಡದವರಿಗೆ, ಅಂಗವಿಕಲರಿಗೂ ಹಾಗೇ. ನಾನು ನನ್ನ ಕೇಸಿಗೆ ಅಲ್ಲಿಂದಲೇ ವಕೀಲರನ್ನ ತಗೊಂಡಿದ್ದು. ಜಿಲ್ಲಾ ನ್ಯಾಯಾಲಯದ ಆವರಣದಲ್ಲೇ ಆಫೀಸ್ ಇರುತ್ತೆ, ಇಲ್ಲಾ 15100ಕ್ಕೆ ಫೋನ್ ಮಾಡಿದ್ರೂ ಆಗುತ್ತೆ. ರದ್ದತಿ ಆದೇಶ, ನೇಮಕಾತಿ ಆದೇಶ, ಆಧಾರ್ ಇಷ್ಟು ತಗೊಂಡು ಹೋಗಿ, ಸೇವಾ ಕೇಸ್ ನಡೆಸಿ ಗೊತ್ತಿರೋ ವಕೀಲರೇ ಬೇಕು ಅಂತ ಕೇಳಿ.